ವೇಳಾಪಟ್ಟಿಯ ಅರ್ಜಿಗೆ ಉತ್ತರ ಬಾರದಿದ್ದರೆ ಹೈಕೋರ್ಟು ಏನು ಮಾಡಬಲ್ಲದು?

ಬಸ್ಸುಗಳ ವೇಳಾಪಟ್ಟಿಯ ಬಗ್ಗೆ ಮೈಸೂರು ಮತ್ತು ಮಂಡ್ಯ ಜಿಲ್ಲೆಗಳಿಂದ ಬಂದ ಪತ್ರಗಳಲ್ಲಿ ಮೂರನ್ನು ಈ ಸಂಚಿಕೆಗೆ ಎತ್ತಿಕೊಂಡಿದ್ದೇನೆ. ಒಂದು, ಅರ್ಜಿ ಹಾಕಿ ಕಾಯುತ್ತಿರುವ ಬಸ್ ಮಾಲೀಕರದು. ಇನ್ನೊಂದು ಬಸ್ಸನ್ನೇ ನಂಬಿಕೊಂಡ ಪ್ರಯಾಣಿಕರೊಬ್ಬರದು. ಮತ್ತೊಂದು, ಬೇರೆಯವರ ಅರ್ಜಿಯಿಂದ ತಮಗೆ ನಷ್ಟವಾದೀತೆಂಬ ಚಿಂತೆಯಲ್ಲಿರುವ ಮಾಲೀಕರದು. ಮೊದಲನೆಯ ಪ್ರಶ್ನೆಯಲ್ಲೇ ಕಾನೂನಿನ ಹೆಚ್ಚಿನ ಭಾಗ ಅಡಗಿರುವುದರಿಂದ ಅದಕ್ಕೆ ಉತ್ತರ ದೀರ್ಘವಾಗಿದೆ.

ಪ್ರಶ್ನೆ: ಮಂಡ್ಯ ಜಿಲ್ಲೆಯ ನಮ್ಮ ಊರಿನಿಂದ ಮೈಸೂರಿಗೆ ಹೋಗಿಬರುವ ನನ್ನ ಒಂದೇ ಬಸ್ಸಿಗೆ ರಹದಾರಿ, ಅಂದರೆ ಪರ್ಮಿಟ್, ಇದೆ. ರಸ್ತೆ ಕೆಟ್ಟಿದ್ದ ಕಾಲದಲ್ಲಿ ಗೊತ್ತುಮಾಡಿದ ಸಮಯವೇ ಇಂದಿಗೂ ನಡೆಯುತ್ತಿದೆ. ಈಗ ನನ್ನ ಬಸ್ಸಿಗಿಂತ ಸ್ವಲ್ಪವೇ ಮುಂಚೆ ಇನ್ನೊಂದು ಬಸ್ಸು ಹೊರಡುವುದರಿಂದ ಡೀಸೆಲ್ ಖರ್ಚೂ ಹುಟ್ಟುತ್ತಿಲ್ಲ. ಸಮಯ ಬದಲಾಯಿಸಿಕೊಡಿ ಎಂದು ಪ್ರಾದೇಶಿಕ ಸಾರಿಗೆ ಪ್ರಾಧಿಕಾರಕ್ಕೆ ಅರ್ಜಿ ಕೊಟ್ಟು ವರ್ಷ ದಾಟಿತು. ಹೋದಾಗಲೆಲ್ಲ 'ಮೀಟಿಂಗ್ ಆಗಿಲ್ಲ' ಎಂದು ಹೇಳಿ ಕಳುಹಿಸುತ್ತಾರೆ. ಹೈಕೋರ್ಟಿಗೆ ಹೋದರೆ ಎರಡು ತಿಂಗಳಲ್ಲಿ ಟೈಮಿಂಗ್ಸ್ ಸಿಕ್ಕೇ ಸಿಗುತ್ತದೆ ಎಂದು ಸ್ಟ್ಯಾಂಡಿನಲ್ಲಿ ಹೇಳುತ್ತಾರೆ. ಇದು ನಿಜವೇ?

ಉತ್ತರ: ಅರ್ಧ ಮಾತ್ರ ನಿಜ. ಹೈಕೋರ್ಟಿನಿಂದ ನಿಮಗೆ ಸಿಗಬಹುದಾದದ್ದು ತೀರ್ಮಾನವೇ ಹೊರತು ಟೈಮಿಂಗ್ಸ್ ಅಲ್ಲ. ನಿಮ್ಮ ಅರ್ಜಿಯನ್ನು ಇಷ್ಟು ವಾರಗಳೊಳಗೆ ಕಾನೂನಿನ ಪ್ರಕಾರ ಇತ್ಯರ್ಥ ಮಾಡಿ ಎಂದು ನ್ಯಾಯಾಲಯ ಪ್ರಾಧಿಕಾರಕ್ಕೆ ನಿರ್ದೇಶನ ಕೊಡಬಲ್ಲದು. ನೀವು ಕೇಳಿದ ಸಮಯವನ್ನೇ ಕೊಡಿ ಎಂದು ಸಾಮಾನ್ಯವಾಗಿ ಹೇಳುವುದಿಲ್ಲ. ಈ ವ್ಯತ್ಯಾಸವನ್ನು ತಿಳಿಯದೆ ಖರ್ಚು ಮಾಡಿಕೊಂಡು ಬೆಂಗಳೂರಿಗೆ ಹೋಗಿ, ಆದೇಶ ಕೈಗೆ ಬಂದಾಗ ಗೆದ್ದೆವೆಂದು ತಿಳಿದು, ಆಮೇಲೆ ಅರ್ಜಿ ವಜಾ ಆದಾಗ ಕಂಗಾಲಾದವರನ್ನು ನಾನು ಕಂಡಿದ್ದೇನೆ. ಆದ್ದರಿಂದ ಸ್ವಲ್ಪ ಬಿಡಿಸಿ ಬರೆಯುತ್ತೇನೆ.

1988ರ ಮೋಟಾರು ವಾಹನ ಕಾಯ್ದೆ 1989ರ ಜುಲೈ 1ರಂದು ಜಾರಿಗೆ ಬಂತು. ಅದರ 68ನೇ ಕಲಮಿನಡಿ ಪ್ರಾದೇಶಿಕ ಸಾರಿಗೆ ಪ್ರಾಧಿಕಾರಗಳು ರಚನೆಯಾಗುತ್ತವೆ. ನಮ್ಮಲ್ಲಿ ಜಿಲ್ಲಾಧಿಕಾರಿಯವರು ಅಧ್ಯಕ್ಷರು, ಆರ್‌ಟಿಒ ಕಾರ್ಯದರ್ಶಿ. ಮಜಲು ವಾಹನದ, ಅಂದರೆ ನಿಲ್ದಾಣದಿಂದ ನಿಲ್ದಾಣಕ್ಕೆ ಟಿಕೆಟ್ ಕೊಟ್ಟು ಜನರನ್ನು ಒಯ್ಯುವ ಬಸ್ಸಿನ, ರಹದಾರಿಗೆ ಅರ್ಜಿ ಹಾಕುವಾಗಲೇ ಮಾರ್ಗ, ಆಸನಗಳ ಸಂಖ್ಯೆ, ದಿನಕ್ಕೆ ಎಷ್ಟು ಟ್ರಿಪ್ ಎಂಬುದರ ಜೊತೆಗೆ ಆ ಟ್ರಿಪ್‌ಗಳ ವೇಳಾಪಟ್ಟಿಯನ್ನೂ ಕೊಡಬೇಕೆಂದು 70ನೇ ಕಲಂ ಹೇಳುತ್ತದೆ. 72ನೇ ಕಲಮಿನ ಪ್ರಕಾರ ಪ್ರಾಧಿಕಾರ ಒಪ್ಪಿದ ವೇಳಾಪಟ್ಟಿಯನ್ನು ಪಾಲಿಸುವುದು ರಹದಾರಿಯ ಷರತ್ತಾಗಬಹುದು. ಕನಿಷ್ಠ 1 ತಿಂಗಳ ನೋಟಿಸು ಕೊಟ್ಟು ಷರತ್ತುಗಳನ್ನು ಬದಲಾಯಿಸುವ ಅಧಿಕಾರವನ್ನು ಪ್ರಾಧಿಕಾರ ಅದೇ ಕಲಮಿನಡಿ ಇಟ್ಟುಕೊಳ್ಳಬಹುದು. ಹೀಗಾಗಿ ಸಮಯ ನಿಗದಿ ಎನ್ನುವುದು ಕಚೇರಿ ತೋರಿಸುವ ಔದಾರ್ಯವಲ್ಲ. ಅರ್ಜಿ ಬಂದಾಗ ಹೌದು ಅಥವಾ ಅಲ್ಲ ಎಂದು ಹೇಳಲೇಬೇಕಾದ ಶಾಸನಬದ್ಧ ಕರ್ತವ್ಯ ಅದು.

ಕರ್ತವ್ಯ ಹೀಗಿದ್ದೂ ಪ್ರಾಧಿಕಾರ ಬಾಯಿ ಬಿಡದಿದ್ದರೆ ಅರ್ಜಿದಾರರ ಸ್ಥಿತಿ ಏನು? ಇದೇ ಈ ವಿಷಯದ ತಿರುಳು. ನಿಮ್ಮ ಅರ್ಜಿಯನ್ನು ತಿರಸ್ಕರಿಸಿದ್ದರೆ ನಿಮಗೆ ದಾರಿ ಇತ್ತು. ರಹದಾರಿ ನಿರಾಕರಣೆಯಂಥ ಆದೇಶಗಳ ವಿರುದ್ಧ 89ನೇ ಕಲಮಿನಡಿ ಮೇಲ್ಮನವಿಯನ್ನೂ, ಮೇಲ್ಮನವಿಗೆ ಅವಕಾಶವಿಲ್ಲದ ಆದೇಶಗಳ ವಿರುದ್ಧ 90ನೇ ಕಲಮಿನಡಿ 30 ದಿನಗಳೊಳಗೆ ಪುನರೀಕ್ಷಣಾ ಅರ್ಜಿಯನ್ನೂ ಬೆಂಗಳೂರಿನಲ್ಲಿರುವ ಕರ್ನಾಟಕ ರಾಜ್ಯ ಸಾರಿಗೆ ಮೇಲ್ಮನವಿ ನ್ಯಾಯಮಂಡಳಿಗೆ ಸಲ್ಲಿಸಬಹುದು. ಆದರೆ ಈ ಎರಡೂ ಕಲಮುಗಳು ಕೈಯಲ್ಲೊಂದು ಆದೇಶ ಇದ್ದವರಿಗಾಗಿ ಇವೆ. ಆದೇಶವೇ ಹೊರಡದಿದ್ದರೆ ಮೇಲ್ಮನವಿ ಯಾವುದರ ಮೇಲೆ? ತಿರಸ್ಕಾರಕ್ಕಿಂತ ಮೌನವೇ ಅರ್ಜಿದಾರನನ್ನು ಹೆಚ್ಚು ಕಟ್ಟಿಹಾಕುತ್ತದೆ, ಏಕೆಂದರೆ ತಿರಸ್ಕಾರಕ್ಕೆ ಕಾರಣ ಬರೆಯಬೇಕು, ಬರೆದ ಕಾರಣವನ್ನು ಪ್ರಶ್ನಿಸಬಹುದು, ಮೌನದ ವಿಚಾರದಲ್ಲಿ ಇವೆರಡೂ ಇಲ್ಲ. ಕಚೇರಿಗಳಿಗೆ ಇದು ಗೊತ್ತಿಲ್ಲದ ಸಂಗತಿಯಲ್ಲ ಎಂಬುದು ನನ್ನ ದೃಢ ಅಭಿಪ್ರಾಯ. ಎರಡು ಪ್ರಬಲ ಮಾಲೀಕರ ನಡುವೆ ಸಿಕ್ಕಿಕೊಂಡ ಅಧಿಕಾರಿಗೆ ಕಡತವನ್ನು ಮುಚ್ಚಿಡುವುದು ಎಲ್ಲಕ್ಕಿಂತ ಸುಲಭದ ದಾರಿಯಾಗಿ ಕಾಣುತ್ತದೆ.

ಸಂವಿಧಾನದ 226ನೇ ಅನುಚ್ಛೇದ ಕೆಲಸಕ್ಕೆ ಬರುವುದು ಇಲ್ಲಿ. ಕಾನೂನು ಹೊರಿಸಿದ ಕರ್ತವ್ಯವನ್ನು ಮಾಡದೆ ಕುಳಿತ ಪ್ರಾಧಿಕಾರಕ್ಕೆ ಅದನ್ನು ಮಾಡು ಎಂದು ಹೇಳುವ ಪರಮಾದೇಶವನ್ನು, ಕೋರ್ಟಿನಲ್ಲಿ ಮ್ಯಾಂಡಮಸ್ ಎಂದು ಕರೆಯುವ ರಿಟ್ಟನ್ನು, ಹೈಕೋರ್ಟು ಹೊರಡಿಸಬಹುದು. ಮೈಸೂರು ಮಂಡ್ಯಗಳವರು ಇದಕ್ಕೆ ಬೆಂಗಳೂರಿನ ಪ್ರಧಾನ ಪೀಠಕ್ಕೆ ಹೋಗಬೇಕು. ಇಂಥ ರಿಟ್ ಅರ್ಜಿಗಳು ಬಹುಮಟ್ಟಿಗೆ ಬೇಗ ಮುಗಿಯುತ್ತವೆ. ಸರ್ಕಾರಿ ವಕೀಲರು ನೋಟಿಸು ಸ್ವೀಕರಿಸುತ್ತಾರೆ, ಅರ್ಜಿ ಬಾಕಿ ಇರುವುದನ್ನು ಅಲ್ಲಗಳೆಯಲು ಆಗುವುದಿಲ್ಲ, ನ್ಯಾಯಮೂರ್ತಿಗಳು ಅರ್ಜಿಯ ಗುಣದೋಷದ ಬಗ್ಗೆ ಯಾವ ಅಭಿಪ್ರಾಯವನ್ನೂ ಹೇಳದೆ, ಬಾಧಿತರಾಗುವ ಎಲ್ಲರನ್ನೂ ಕೇಳಿ ಇಂತಿಷ್ಟು ವಾರಗಳಲ್ಲಿ ತೀರ್ಮಾನಿಸಿ ಎಂದು ಆದೇಶಿಸುತ್ತಾರೆ. 'ಗುಣದೋಷದ ಬಗ್ಗೆ ಅಭಿಪ್ರಾಯ ಹೇಳಿಲ್ಲ' ಎಂಬ ಆ ಸಾಲನ್ನು ದಯವಿಟ್ಟು ಗಮನವಿಟ್ಟು ಓದಿ. ಸಮಯ ಸಿಗುವುದೋ ಇಲ್ಲವೋ ಎಂಬ ಪ್ರಶ್ನೆ ಇದ್ದಲ್ಲೇ ಇರುತ್ತದೆ.

'ಪರಿಗಣಿಸಿ' ಎಂಬ ಇಂಥ ನಿರ್ದೇಶನಗಳ ಬಗ್ಗೆ ಸುಪ್ರೀಂ ಕೋರ್ಟೇ ಎಚ್ಚರಿಕೆಯ ಮಾತು ಹೇಳಿದೆ. 2006ರಲ್ಲಿ ಆಂಧ್ರಪ್ರದೇಶ ರಸ್ತೆ ಸಾರಿಗೆ ನಿಗಮ ಮತ್ತು ಜಿ. ಶ್ರೀನಿವಾಸ ರೆಡ್ಡಿ ಅವರ ಮೊಕದ್ದಮೆಯಲ್ಲಿ, ಪರಿಗಣಿಸಿ ಎಂದು ಹೇಳುವುದಕ್ಕೂ ಮಂಜೂರು ಮಾಡಿ ಎಂದು ಹೇಳುವುದಕ್ಕೂ ಇರುವ ಅಂತರವನ್ನು ಅದು ವಿವರಿಸಿತು. ಅದು ನೌಕರರ ವಿಚಾರದ ಮೊಕದ್ದಮೆ, ಆದರೆ ತತ್ತ್ವ ಇಲ್ಲಿಗೂ ಹೊಂದುತ್ತದೆ. 2008ರಲ್ಲಿ ಸಿ. ಜೇಕಬ್ ಅವರ ಮೊಕದ್ದಮೆಯಲ್ಲಿ, ಕಾಲ ಮೀರಿದ ಹಳೆಯ ಹಕ್ಕುಗಳಿಗೆ ಹೀಗೆ ಸುಮ್ಮನೆ ಮರುಜೀವ ಕೊಡಬಾರದೆಂದೂ ಹೇಳಿತು. ನನಗೂ ಒಂದು ಆಕ್ಷೇಪವಿದೆ: ಆದೇಶ ಚಿಕ್ಕದಾದಷ್ಟೂ ಅದೇ ಕಡತ ಅದೇ ಮೇಜಿಗೆ ಮರಳಿ, ಒಂದು ಸಾಲಿನ ತಿರಸ್ಕಾರವಾಗಿ ಹೊರಬರುವ ಅಪಾಯ ಹೆಚ್ಚು. ಆದ್ದರಿಂದ ವಿಚಾರಣೆಯ ದಿನಾಂಕವನ್ನು ಅರ್ಜಿದಾರರಿಗೆ ಮುಂಚಿತವಾಗಿ ತಿಳಿಸಬೇಕು, ಕಾರಣಗಳನ್ನು ಬರೆದೇ ಆದೇಶ ಹೊರಡಿಸಬೇಕು ಎಂಬ ಎರಡು ಮಾತುಗಳು ಆದೇಶದಲ್ಲಿ ಸೇರಬೇಕೆಂದು ನಿಮ್ಮ ವಕೀಲರು ಕೇಳಿಕೊಳ್ಳಲಿ. ರಹದಾರಿಯ ಅರ್ಜಿಯನ್ನು ನಿರಾಕರಿಸುವಾಗ ಲಿಖಿತ ಕಾರಣವನ್ನೂ ಅಹವಾಲು ಹೇಳಿಕೊಳ್ಳುವ ಅವಕಾಶವನ್ನೂ ಕೊಡಬೇಕೆಂದು 80ನೇ ಕಲಂ ಹೇಗೂ ಹೇಳುತ್ತದೆ.

ಇನ್ನು, ಹೈಕೋರ್ಟಿಗೆ ಹೋಗುವ ಮುನ್ನ ನಿಮ್ಮ ಕಾಗದಗಳನ್ನು ಸರಿಮಾಡಿಕೊಳ್ಳಿ. ಕರ್ತವ್ಯವನ್ನು ನೆರವೇರಿಸಿ ಎಂದು ನೀವು ಕೇಳಿದ್ದಕ್ಕೂ ಅವರು ನೆರವೇರಿಸದೆ ಇದ್ದದ್ದಕ್ಕೂ ದಾಖಲೆ ಬೇಕು. ಮೂಲ ಅರ್ಜಿಯ ಸ್ವೀಕೃತಿ, ಶುಲ್ಕ ಕಟ್ಟಿದ ರಸೀದಿ, ಆಮೇಲೆ ಕೊಟ್ಟ ನೆನಪೋಲೆಗೆ ಕಚೇರಿಯ ಮೊಹರು, ಇವಿಷ್ಟು ಇದ್ದರೆ ಸಾಕು. ಬಾಯಿಮಾತಿನಲ್ಲಿ ಕೇಳಿದ್ದು ಲೆಕ್ಕಕ್ಕೆ ಬರುವುದಿಲ್ಲ. ಮಾಹಿತಿ ಹಕ್ಕು ಕಾಯ್ದೆಯಡಿ ನಿಮ್ಮ ಕಡತದ ಟಿಪ್ಪಣಿ ಹಾಳೆಗಳ ನಕಲನ್ನೂ ಕೇಳಿ. 30 ದಿನಗಳಲ್ಲಿ ಅವರು ಉತ್ತರಿಸಬೇಕು. ಕಡತ ಯಾವ ಹಂತದಲ್ಲಿ, ಯಾವ ಷರಾದೊಂದಿಗೆ ನಿಂತಿದೆ ಎಂಬುದು ಆ ಹಾಳೆಗಳಲ್ಲಿ ಇರುತ್ತದೆ. ಎಷ್ಟೋ ಸಲ ಅಲ್ಲಿ 'ಮೋಟಾರು ವಾಹನ ನಿರೀಕ್ಷಕರ ವರದಿ ಬಂದಿಲ್ಲ' ಎಂಬ ಒಂದೇ ಸಾಲು ಇದ್ದು, ಆ ವರದಿ ತರಿಸಿದರೆ ಕೋರ್ಟಿನ ಅಗತ್ಯವೇ ಬೀಳದೆ ಕೆಲಸ ಮುಂದೆ ಸಾಗುತ್ತದೆ.

ಅರ್ಜಿಯನ್ನೂ ಇನ್ನೊಮ್ಮೆ ಓದಿ ನೋಡಿ. ಸಮಯದ ಬದಲಾವಣೆಯ ಜೊತೆಗೆ ಮಾರ್ಗ ವಿಸ್ತರಣೆಯನ್ನೋ ರಹದಾರಿಯಲ್ಲಿ ಹೇಳಿದ ಗರಿಷ್ಠ ಮಿತಿಗಿಂತ ಹೆಚ್ಚಿನ ಟ್ರಿಪ್‌ಗಳನ್ನೋ ಕೇಳಿದ್ದರೆ, ಅಂಥ ಕೋರಿಕೆಯನ್ನು ಹೊಸ ರಹದಾರಿಯ ಅರ್ಜಿಯಂತೆಯೇ ನೋಡಬೇಕೆಂದು 80ನೇ ಕಲಮಿನ 3ನೇ ಉಪಕಲಂ ಹೇಳುತ್ತದೆ. ಎರಡನ್ನೂ ಒಂದೇ ಕಾಗದದಲ್ಲಿ ಬೆರೆಸಿದರೆ ಸುಲಭದ ಕೋರಿಕೆಯೂ ಕಷ್ಟದ ಕೋರಿಕೆಯ ಜೊತೆ ಸಿಕ್ಕಿಬೀಳುತ್ತದೆ. ಹಾಗೆಯೇ, ರಸ್ತೆ ಚೆನ್ನಾಗಿದೆಯೆಂದು ಓಡುವ ಅವಧಿಯನ್ನು ತೀರ ಇಳಿಸಿ ಕೇಳಬೇಡಿ. ವೇಗದ ಮಿತಿಯನ್ನು ಮೀರದೆ ಪಾಲಿಸಲಾಗದಂಥ ವೇಳಾಪಟ್ಟಿ ಇದ್ದರೆ 71ನೇ ಕಲಮಿನಡಿ ಪ್ರಾಧಿಕಾರ ರಹದಾರಿಯನ್ನೇ ನಿರಾಕರಿಸಬೇಕಾಗುತ್ತದೆ, ತಿದ್ದಿಕೊಳ್ಳಲು ಮೊದಲು ಒಂದು ಅವಕಾಶ ಕೊಟ್ಟು. ಬನ್ನೂರಿನಂಥ ಊರಿನ ಬಸ್ ನಿಲ್ದಾಣದಲ್ಲಿ ಬೆಳಗಿನ ಹೊತ್ತು ಒಂದರ ಬೆನ್ನಿಗೊಂದು ನಿಂತ ಬಸ್ಸುಗಳನ್ನು ನೋಡಿದವರಿಗೆ ಗೊತ್ತು: ಹಿಂದಿನ ಬಸ್ಸಿನ ಚಾಲಕ ಎಂಜಿನ್ ಆರಿಸದೆ ಕುಳಿತಿರುತ್ತಾನೆ, ಮುಂದಿನ ಬಸ್ಸಿನ ಕಂಡಕ್ಟರ್ 'ಮೈಸೂರ್, ಮೈಸೂರ್' ಎಂದು ಕೂಗುತ್ತ ಇನ್ನೊಬ್ಬ ಪ್ರಯಾಣಿಕನಿಗಾಗಿ ಬಾಗಿಲಲ್ಲೇ ನಿಂತಿರುತ್ತಾನೆ, ಅವನು ತಡಮಾಡಿದ ನಿಮಿಷಗಳನ್ನೆಲ್ಲ ಆಮೇಲೆ ಇಬ್ಬರೂ ರಸ್ತೆಯ ಮೇಲೆ ತೆಗೆಯಲು ಹೊರಡುತ್ತಾರೆ. ಸಮಯದ ಅಂತರ ಸರಿಯಾಗಿ ನಿಗದಿಯಾಗದೆ ಇದ್ದರೆ ಅಪಾಯ ಬಂದು ಮುಟ್ಟುವುದು ಒಳಗೆ ಕುಳಿತವರಿಗೆ. ಈ ಮಾತನ್ನು ನಿಮ್ಮ ಅರ್ಜಿಯಲ್ಲೂ ವಿಚಾರಣೆಯಲ್ಲೂ ಒತ್ತಿ ಹೇಳಿ. ನಿಮ್ಮ ಕಲೆಕ್ಷನ್ ಕಡಿಮೆಯಾಗಿದೆ ಎಂಬುದಕ್ಕಿಂತ ಇದಕ್ಕೆ ತೂಕ ಹೆಚ್ಚು.

ಒಂದು ದೊಡ್ಡ ಅಡ್ಡಿಯನ್ನೂ ಹೇಳಬೇಕು. ನಿಮ್ಮ ಮಾರ್ಗ ಅಥವಾ ಅದರ ಒಂದು ಭಾಗ ರಾಜ್ಯ ಸಾರಿಗೆ ನಿಗಮಕ್ಕಾಗಿ ಅಧಿಸೂಚಿತವಾಗಿದ್ದರೆ, ಅಂದರೆ ಸರ್ಕಾರ ಅದನ್ನು ನಿಗಮದ ಬಸ್ಸುಗಳಿಗೆಂದು ಪ್ರಕಟಿಸಿ ಮೀಸಲಿಟ್ಟಿದ್ದರೆ, ಕಾಯ್ದೆಯ 6ನೇ ಅಧ್ಯಾಯದಡಿ ಮಾಡಿದ ಆ ಮೀಸಲು ಯೋಜನೆಯೇ ಮೇಲುಗೈ. ಅಧಿಸೂಚಿತ ಮಾರ್ಗದ ಸಣ್ಣ ತುಂಡಿನ ಮೇಲೂ ಯೋಜನೆ ಅನುಮತಿಸದೆ ಖಾಸಗಿ ಬಸ್ಸು ಓಡುವಂತಿಲ್ಲ ಎಂದು 1985ರಲ್ಲೇ ಆದರ್ಶ ಟ್ರಾವೆಲ್ಸ್ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟಿನ ಸಂವಿಧಾನ ಪೀಠ ಹೇಳಿದೆ. ನಿಮ್ಮ ರಹದಾರಿಗೆ ಯೋಜನೆಯಲ್ಲಿ ರಕ್ಷಣೆ ಇದೆಯೇ, ಇದ್ದರೆ ಯಾವ ಷರತ್ತಿನ ಮೇಲೆ ಎಂಬುದನ್ನು ಮೊದಲೇ ವಕೀಲರಿಗೆ ತೋರಿಸಿ. ಅದಿಲ್ಲದಿದ್ದರೆ ಪರಮಾದೇಶ ತಂದರೂ ಪ್ರಾಧಿಕಾರ ನಿಮ್ಮ ಅರ್ಜಿಯನ್ನು ಕಾನೂನಿನ ಪ್ರಕಾರವೇ ತಿರಸ್ಕರಿಸಬಹುದು.

ಆದೇಶ ಬಂದ ಮೇಲಿನ ಒಂದು ಕೆಲಸವನ್ನು ಬಹಳ ಮಂದಿ ಮರೆಯುತ್ತಾರೆ. ಗಡುವು ಸಾಮಾನ್ಯವಾಗಿ 'ಆದೇಶದ ಪ್ರತಿ ತಲುಪಿದ ದಿನದಿಂದ' ಎಂದು ಇರುತ್ತದೆ. ಕೋರ್ಟಿನಿಂದ ತಾನಾಗಿ ಹೋಗುತ್ತದೆಂದು ಕಾಯಬೇಡಿ. ದೃಢೀಕೃತ ಪ್ರತಿಯನ್ನು ಪಡೆದು, ಒಂದು ಕವರಿಂಗ್ ಪತ್ರದೊಂದಿಗೆ ನೀವೇ ಟಪಾಲು ವಿಭಾಗದಲ್ಲಿ ಕೊಟ್ಟು, ದಿನಾಂಕ ಸಹಿತ ಮೊಹರು ಹಾಕಿಸಿಕೊಳ್ಳಿ. ಗಡುವು ಮೀರಿದರೆ 1971ರ ನ್ಯಾಯಾಂಗ ನಿಂದನೆ ಕಾಯ್ದೆಯಡಿ ಹೋಗಬಹುದು, ಆದರೆ ಅದಕ್ಕೆ 1 ವರ್ಷದ ಕಾಲಮಿತಿ ಇದೆ. ನಿಂದನೆಯ ನೋಟಿಸು ಹೋದೊಡನೆ ಪ್ರಾಧಿಕಾರ ಏನಾದರೊಂದು ಆದೇಶ ಹೊರಡಿಸಿದರೆ ಆ ಪ್ರಕರಣ ಬಹುಮಟ್ಟಿಗೆ ಅಲ್ಲಿಗೆ ಮುಗಿಯುತ್ತದೆ. ಆ ಆದೇಶ ನಿಮಗೆ ವಿರುದ್ಧವಾಗಿದ್ದರೆ ನಿಂದನೆಯ ಪೀಠದ ಮುಂದೆ ವಾದಿಸಿ ಪ್ರಯೋಜನವಿಲ್ಲ, ನ್ಯಾಯಮಂಡಳಿಗೇ ಹೋಗಬೇಕು. ಹಾಗೆ ಹೋಗಲು ಬೇಕಾದ ಆದೇಶ ಆಗ ನಿಮ್ಮ ಕೈಯಲ್ಲಿರುತ್ತದೆ, ಈಗ ಇಲ್ಲದಿರುವುದು ಅದೇ.

ಪ್ರಶ್ನೆ: ನಾನು ತಿ. ನರಸೀಪುರ ತಾಲ್ಲೂಕಿನ ಹಳ್ಳಿಯೊಂದರಲ್ಲಿ ನೆಲೆಸಿರುವ ನಿವೃತ್ತ ಶಿಕ್ಷಕ. ಮೈಸೂರಿನ ಕಾಲೇಜುಗಳಿಂದ ಸಂಜೆ ಮರಳುವ ನಮ್ಮೂರಿನ ಹೆಣ್ಣುಮಕ್ಕಳಿಗೆ ಒಂದು ಬಸ್ಸು ತಪ್ಪಿದರೆ ಮುಂದಿನದು ಕತ್ತಲಾದ ಮೇಲೆ. ಎರಡು ಬಸ್ಸುಗಳು ಹತ್ತಿರ ಹತ್ತಿರದ ಸಮಯದಲ್ಲಿ ಬಂದುಹೋಗುತ್ತವೆ, ಆಮೇಲೆ ಬಹಳ ಹೊತ್ತು ಏನೂ ಇಲ್ಲ. ಸಮಯ ನಿಗದಿಯಲ್ಲಿ ಪ್ರಯಾಣಿಕರ ಮಾತಿಗೆ ಕಾನೂನಿನಲ್ಲಿ ಜಾಗವಿಲ್ಲವೇ?

ಉತ್ತರ: ಗುರುಗಳೇ, ಇರಬೇಕಾದಷ್ಟು ಇಲ್ಲ. 1939ರ ಹಳೆಯ ಕಾಯ್ದೆಯ 47ನೇ ಕಲಮಿನಲ್ಲಿ, ರಹದಾರಿ ಕೊಡುವಾಗ ಸಾರ್ವಜನಿಕರ ಹಿತವನ್ನೂ ಸಂಘಗಳು, ಸ್ಥಳೀಯ ಸಂಸ್ಥೆಗಳು ಕೊಟ್ಟ ಮನವಿಗಳನ್ನೂ ಪ್ರಾಧಿಕಾರ ಗಮನಿಸಬೇಕೆಂದು ಸ್ಪಷ್ಟವಾಗಿ ಬರೆದಿತ್ತು. 1988ರ ಕಾಯ್ದೆ ರಹದಾರಿಗಳನ್ನು ಸಡಿಲಗೊಳಿಸುವ ಉದ್ದೇಶದಿಂದ ಆ ವಿಧಾನವನ್ನು ಕೈಬಿಟ್ಟಿತು. ಪೈಪೋಟಿ ಹೆಚ್ಚಿದರೆ ಪ್ರಯಾಣಿಕರಿಗೆ ತಾನಾಗಿ ಒಳ್ಳೆಯದಾಗುತ್ತದೆಂಬ ಲೆಕ್ಕ ಅದರ ಹಿಂದೆ ಇತ್ತು. ಹಣ ಹುಟ್ಟುವ ಹೊತ್ತಿಗೆ ಎಲ್ಲ ಬಸ್ಸುಗಳೂ, ಉಳಿದ ಹೊತ್ತಿಗೆ ಒಂದೂ ಇಲ್ಲ ಎಂಬ ನಿಮ್ಮ ಊರಿನ ಸ್ಥಿತಿಯನ್ನು ಆ ಲೆಕ್ಕ ಸರಿಪಡಿಸಲಿಲ್ಲ. ಇದು ನನಗೆ ನಿಜವಾಗಿಯೂ ನೋವಿನ ಸಂಗತಿ, ಏಕೆಂದರೆ ಬಸ್ಸಿನ ಸಮಯಕ್ಕೂ ಹಳ್ಳಿಯ ಹೆಣ್ಣುಮಗಳೊಬ್ಬಳ ಓದು ಮುಂದುವರಿಯುವುದಕ್ಕೂ ನೇರ ಸಂಬಂಧವಿದೆ. ಕತ್ತಲಾದ ಮೇಲೆ ಬರುವ ಮಗಳನ್ನು ಮುಂದಿನ ವರ್ಷ ಕಾಲೇಜು ಬಿಡಿಸುವ ಮನೆಗಳು ನಿಮಗೆ ಗೊತ್ತಿರುವಷ್ಟು ನನಗೂ ಗೊತ್ತು.

ಆದರೂ ಮಾಡಬಹುದಾದದ್ದು ಇದೆ. ಮಾಹಿತಿ ಹಕ್ಕಿನ ಅರ್ಜಿ ಹಾಕಿ ನಿಮ್ಮ ಮಾರ್ಗದ ಎಲ್ಲ ಬಸ್ಸುಗಳ ಅನುಮೋದಿತ ವೇಳಾಪಟ್ಟಿಯನ್ನು ತರಿಸಿಕೊಳ್ಳಿ. ಅದರ ಪ್ರತಿಯನ್ನು ಬಸ್ಸಿನಲ್ಲೂ ನಿಗದಿತ ನಿಲ್ದಾಣಗಳಲ್ಲೂ ಹಾಕಬೇಕೆಂಬುದನ್ನು 72ನೇ ಕಲಮಿನಡಿ ಷರತ್ತಾಗಿ ವಿಧಿಸಬಹುದು, ಆದರೆ ಎಷ್ಟು ಬಸ್ಸುಗಳಲ್ಲಿ ಅದು ಕಾಣುತ್ತದೆಂದು ನೀವೇ ನೋಡುತ್ತಿದ್ದೀರಿ. ಕಾಗದದಲ್ಲಿ ಅಂತರ ಸರಿಯಾಗಿದ್ದೂ ಬಸ್ಸುಗಳು ಪಾಲಿಸುತ್ತಿಲ್ಲವೆಂದಾದರೆ ಅದು ರಹದಾರಿಯ ಷರತ್ತಿನ ಉಲ್ಲಂಘನೆ. 86ನೇ ಕಲಮಿನಡಿ ಅಮಾನತಿಗೂ ಗುರಿಯಾಗಬಹುದು. ಕಾಗದದಲ್ಲೇ ಅಂತರ ಕೆಟ್ಟಿದ್ದರೆ, ಗ್ರಾಮ ಪಂಚಾಯಿತಿಯಲ್ಲಿ ನಿರ್ಣಯ ಮಾಡಿಸಿ, ಕಾಲೇಜು ಬಿಡುವ ಸಮಯವನ್ನು ಬರೆದು, ಪ್ರಾಧಿಕಾರದ ಅಧ್ಯಕ್ಷರಾದ ಜಿಲ್ಲಾಧಿಕಾರಿಯವರ ಹೆಸರಿಗೆ ಮನವಿ ಕೊಟ್ಟು ಸ್ವೀಕೃತಿ ಪಡೆಯಿರಿ. ಬಸ್ ಮಾಲೀಕರ ಅರ್ಜಿಯಷ್ಟು ಬಲ ಈ ಮನವಿಗೆ ಶಾಸನದಲ್ಲಿ ಇಲ್ಲವಾದರೂ, ಸಮಯ ನಿಗದಿಯ ಸಭೆ ನಡೆಯುವಾಗ ಕಡತದಲ್ಲಿ ಅದು ಇದ್ದರೆ ಅಲ್ಲಿ ಪ್ರಯಾಣಿಕರ ಪರವಾಗಿ ಇರುವ ಒಂದೇ ಕಾಗದ ಅದಾಗಿರುತ್ತದೆ. 2023ರ ಜೂನ್ 11ರಿಂದ ಶಕ್ತಿ ಯೋಜನೆಯಡಿ ಮಹಿಳೆಯರಿಗೆ ಸರ್ಕಾರಿ ಬಸ್ಸುಗಳಲ್ಲಿ ಉಚಿತ ಪ್ರಯಾಣ ಸಿಕ್ಕಿರುವುದರಿಂದ, ನಿಮ್ಮೂರಿನ ಹೆಣ್ಣುಮಕ್ಕಳ ದೃಷ್ಟಿಯಿಂದ ನಿಗಮದ ಘಟಕ ವ್ಯವಸ್ಥಾಪಕರಿಗೂ ಅದೇ ಮನವಿಯ ಒಂದು ಪ್ರತಿ ಹೋಗಲಿ. ಯಾವುದಕ್ಕೂ ಉತ್ತರ ಬಾರದೆ ಹೋದರೆ ಪಂಚಾಯಿತಿಯೋ ಊರಿನವರೋ ಸೇರಿ ಹೈಕೋರ್ಟಿನಲ್ಲಿ ಸಾರ್ವಜನಿಕ ಹಿತಾಸಕ್ತಿ ಅರ್ಜಿ ಸಲ್ಲಿಸಬಹುದು, ಆಗ ಈ ಕಾಗದಗಳೇ ಆಧಾರ.

ಪ್ರಶ್ನೆ: ಮೈಸೂರಿನಿಂದ ನನ್ನ ಬಸ್ಸು ಹೊರಡುವುದಕ್ಕೆ ಸ್ವಲ್ಪ ಮುಂಚಿನ ಸಮಯವನ್ನು ಕೇಳಿ ಬೇರೊಬ್ಬರು ಹಾಕಿದ್ದ ಅರ್ಜಿಯನ್ನು ಬೇಗ ತೀರ್ಮಾನಿಸಬೇಕೆಂದು ಹೈಕೋರ್ಟು ಆದೇಶಿಸಿದೆಯಂತೆ. ಆ ಮೊಕದ್ದಮೆಯಲ್ಲಿ ನಾನು ಪಕ್ಷಗಾರನಾಗಿರಲಿಲ್ಲ. ಕೋರ್ಟೇ ಹೇಳಿದ ಮೇಲೆ ನನಗೇನು ಉಳಿದಿದೆ?

ಉತ್ತರ: ಮೊದಲ ಉತ್ತರವನ್ನು ಓದಿದರೆ ನಿಮ್ಮ ಆತಂಕ ಅರ್ಧ ಇಳಿಯಬೇಕು. ಕೋರ್ಟು ಹೇಳಿರುವುದು ತೀರ್ಮಾನಿಸಿ ಎಂದು ಮಾತ್ರ. ಇನ್ನೊಬ್ಬರಿಗೆ ರಹದಾರಿಯೇ ಕೊಡಬಾರದು ಎಂದು ಹಳೆಯ ಮಾಲೀಕರು ತಡೆಯುವ ಹಕ್ಕು ಈಗ ಇಲ್ಲ. 1991ರಲ್ಲಿ ಮಿಥಿಲೇಶ್ ಗರ್ಗ್ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟು ಅದನ್ನು ಮುಗಿಸಿಬಿಟ್ಟಿದೆ, ಆ ವಾದವನ್ನು ಹಿಡಿದುಕೊಂಡು ಹೋಗಬೇಡಿ. ಆದರೆ ನಿಮ್ಮ ಸಮಯಕ್ಕೆ ನೇರವಾಗಿ ತಾಗುವ ಸಮಯವನ್ನು ನಿಗದಿ ಮಾಡುವಾಗ ನಿಮ್ಮ ಮಾತನ್ನು ಕೇಳಬೇಕೆಂಬುದು ಬೇರೆ ವಿಚಾರ, ಅದು ಸಹಜ ನ್ಯಾಯದ ಹಕ್ಕು. ಈಗಲೇ ಪ್ರಾಧಿಕಾರದ ಕಾರ್ಯದರ್ಶಿಗೆ, ಹೈಕೋರ್ಟಿನ ರಿಟ್ ಅರ್ಜಿಯ ಸಂಖ್ಯೆಯನ್ನು ನಮೂದಿಸಿ, ನಿಮ್ಮ ರಹದಾರಿ ಮತ್ತು ಅನುಮೋದಿತ ವೇಳಾಪಟ್ಟಿಯ ನಕಲುಗಳ ಜೊತೆಗೆ ಆಕ್ಷೇಪಣೆ ಕೊಟ್ಟು, ವಿಚಾರಣೆಯ ನೋಟಿಸನ್ನು ನಿಮಗೂ ಕೊಡಬೇಕೆಂದು ಕೇಳಿ. ಕೋರ್ಟಿನ ಗಡುವು ಹತ್ತಿರವಾದಾಗ ಕಚೇರಿಗಳು ಅವಸರದಲ್ಲಿ ನೋಟಿಸಿನ ಹಂತವನ್ನು ಹಾರಿಬಿಡುವುದುಂಟು. ನಿಮ್ಮನ್ನು ಕೇಳದೆ ಆದೇಶವಾದರೆ 90ನೇ ಕಲಮಿನಡಿ ಆದೇಶದ ದಿನದಿಂದ 30 ದಿನಗಳೊಳಗೆ ನ್ಯಾಯಮಂಡಳಿಗೆ ಹೋಗಿ. ನಿಮಗೆ ತಿಳಿದದ್ದೇ ತಡವಾಗಿದ್ದರೆ, ತಕ್ಕ ಕಾರಣ ತೋರಿಸಿದಾಗ ವಿಳಂಬವನ್ನು ಮನ್ನಿಸುವ ಅಧಿಕಾರ ನ್ಯಾಯಮಂಡಳಿಗೆ ಇದೆ.

ವಿಚಾರಣೆಯಲ್ಲಿ ಬರೀ ಬೇಡ ಎನ್ನುವ ಬದಲು ಇನ್ನೊಂದು ಸಮಯವನ್ನು ನೀವೇ ಸೂಚಿಸಿ. ಆ ಮಾರ್ಗದಲ್ಲಿ ಬಸ್ಸಿಲ್ಲದ ಹೊತ್ತು ಯಾವುದೆಂದು ದಿನವೂ ಓಡಿಸುವ ನಿಮಗೆ ಪ್ರಾಧಿಕಾರಕ್ಕಿಂತ ಚೆನ್ನಾಗಿ ಗೊತ್ತು. ಅಂಥ ಸೂಚನೆಯೊಂದಿಗೆ ಬಂದ ಆಕ್ಷೇಪಣೆಯನ್ನು ಒಂದು ಸಾಲಿನಲ್ಲಿ ತಳ್ಳಿಹಾಕುವುದು ಕಷ್ಟ. ತಳ್ಳಿಹಾಕಿದರೂ ನ್ಯಾಯಮಂಡಳಿಯ ಮುಂದೆ ನಿಮ್ಮ ವಾದಕ್ಕೆ ಅದೇ ಮೊದಲ ಆಧಾರವಾಗುತ್ತದೆ.